ಹೊಡೆದರೆ ಓಡುವ ಮಷಿನು

ಕಟ್ಟಿಂಗ್ ಮಷಿನನ್ನು ಸಿಮೆಂಟಿನ ಖಾಲಿ ಚೀಲದಲ್ಲಿ ಜೋಪಾನವಾಗಿ ಸುತ್ತಿ, ತಾನು ಮಾತ್ರ ಪೂರ್ತಿ ಚಂಡಿಯಾಗಿ ಬಂದಿದ್ದ ಆ ಟೈಲ್ಸ್ ಕೆಲಸದ ಹುಡುಗ. ದೇರಳಕಟ್ಟೆ ಕಡೆ ಯಾವುದೋ ಫ್ಲಾಟಿನ ಕೆಲಸವಂತೆ. ಜುಲೈ ತಿಂಗಳು. ಮಂಗಳೂರು ಪಕ್ಕದ ನಮ್ಮ ತೊಕ್ಕೊಟ್ಟಿನ ಫ್ಲೈಓವರಿನ ಅಡಿಯಲ್ಲಿ ನಿಂತವರೂ ಕೊಡೆ ಬಿಚ್ಚಿಕೊಂಡಿರುವಂಥ ಮಳೆ.

“ಎಂತ ಆಗಿದೆ?” ಕೇಳಿದೆ.

“ಎಂತ ಆಗ್ಲಿಲ್ಲ ಅಣ್ಣ. ಹೊಡೆದ್ರೆ ಓಡ್ತದೆ.”

ಓಡಿಸಿಯೇ ತೋರಿಸಿದ. ಸ್ವಿಚ್ ಒತ್ತಿದ, ಸದ್ದಿಲ್ಲ. ಅಂಗೈಯಿಂದ ಮಷಿನಿನ ಬೆನ್ನಿಗೆ ಎರಡು ಬಡಿದ, ಕಿರ್ರೆಂದು ಎದ್ದಿತು. ಗಾಳಿ ಹೋಗುವ ಕಿಂಡಿಗಳ ಒಳಗೆ ದೀಪಾವಳಿಯ ನಕ್ಷತ್ರಕಡ್ಡಿ ಹಚ್ಚಿದ ಹಾಗೆ ಹಳದಿ ಬೆಳಕು. ಮೂಗಿಗೆ ಸುಟ್ಟ ವಾರ್ನಿಷಿನ ವಾಸನೆ. “ಹೀಗೆ ಹೊಡೆಯಲಿಕ್ಕೆ ಶುರು ಮಾಡಿ ಎಷ್ಟು ದಿನ ಆಯ್ತು?” ಎಂದೆ. “ಎರಡು ವಾರ” ಅಂದ, ಅದೇನೋ ಮಷಿನಿನ ಗಟ್ಟಿತನದ ಸರ್ಟಿಫಿಕೇಟು ಎಂಬಂತೆ.

ಮೊದಲನೇ ಪೆಟ್ಟು ಹಾಕುವ ಮುಂಚೆ ಬಂದಿದ್ದರೆ ಒಂದು ಜೋಡಿ ಕಾರ್ಬನ್, ಹತ್ತು ನಿಮಿಷದ ಕೆಲಸ, ನೂರು ರೂಪಾಯಿಯ ಆಸುಪಾಸಿನ ಖರ್ಚು. ಎರಡು ವಾರ ಹೊಡೆದದ್ದರಿಂದ ಆರ್ಮೇಚರೇ ಹೋಗಿತ್ತು.

ಇಪ್ಪತ್ತಾರು ವರ್ಷದಿಂದ ನಾನು ಮೋಟಾರು ವೈಂಡಿಂಗ್ ಅಂಗಡಿ ಇಟ್ಟುಕೊಂಡಿದ್ದೇನೆ. ನಿಜ ಹೇಳುವುದಾದರೆ ನನ್ನ ಮನೆಯ ಅನ್ನದಲ್ಲಿ ಒಂದು ಪಾಲು ಇಂಥ ‘ಹೊಡೆದರೆ ಓಡುವ’ ಮಷಿನುಗಳದ್ದೇ. ಹಾಗಾಗಿ ಈ ಬರಹ ನನ್ನ ಹೊಟ್ಟೆಗೆ ನಾನೇ ಹೊಡೆದುಕೊಂಡ ಹಾಗೆ. ಆದರೂ ಬರೆಯುತ್ತೇನೆ, ಯಾಕೆಂದರೆ ಕಾರ್ಬನ್ ಮಷಿನಿನಲ್ಲಿ ಸವೆಯಲಿಕ್ಕೆಂದೇ ಇಟ್ಟ ಭಾಗ. ಸವೆದಾಗ ಮುಂಚಿತವಾಗಿ ಹೇಳಿಯೂ ಹೇಳುತ್ತದೆ. ಕೇಳಿಸಿಕೊಳ್ಳದೆ ಮಷಿನನ್ನು ಗುಜರಿಗೆ ಹಾಕುವವರು ಒಂದು ಕಡೆ, ಹೊಡೆದು ಹೊಡೆದು ಸುಡುವವರು ಇನ್ನೊಂದು ಕಡೆ.

ನಮ್ಮ ಅಂಗಡಿಗೆ ತುಳುವಿನಲ್ಲಿ ಮಾತಾಡುವವರು ಬರುತ್ತಾರೆ, ಬ್ಯಾರಿಯಲ್ಲಿ, ಕೊಂಕಣಿಯಲ್ಲಿ, ತಲಪಾಡಿ ದಾಟಿ ಬಂದವರು ಮಲಯಾಳದಲ್ಲಿ, ಗ್ರಾನೈಟ್ ಕೆಲಸದ ರಾಜಸ್ಥಾನದವರು ಹಿಂದಿಯಲ್ಲಿ. ಎಲ್ಲರ ಬಾಯಲ್ಲೂ ಒಂದೇ ಶಬ್ದ: ಕಾರ್ಬನ್. ಪೂರ್ತಿ ಹೆಸರು ಕಾರ್ಬನ್ ಬ್ರಷ್. ನೋಡಿದರೆ ಬ್ರಷ್ಷಿನ ಲಕ್ಷಣ ಒಂದೂ ಇಲ್ಲ. ಬೆರಳಿನ ಉಗುರಿನಷ್ಟು ಅಗಲದ ಒಂದು ಕರಿ ತುಂಡು, ಅದರ ಬೆನ್ನಿಗೆ ಒಂದು ಸ್ಪ್ರಿಂಗು, ಒಂದು ಹೆಣೆದ ತಾಮ್ರದ ಬಾಲ. ಹೆಸರು ಬಂದದ್ದು ಹಳೆಯ ಕಾಲದಿಂದ. ಮೊದಮೊದಲ ಡೈನಮೋಗಳಲ್ಲಿ ನಿಜವಾಗಿಯೂ ತಾಮ್ರದ ತಂತಿಗಳ ಕಟ್ಟನ್ನು ಪೊರಕೆಯ ಹಾಗೆ ತಿರುಗುವ ಭಾಗಕ್ಕೆ ತಾಗಿಸಿಡುತ್ತಿದ್ದರು. ತಾಮ್ರಕ್ಕೆ ತಾಮ್ರ ಉಜ್ಜಿ ಎರಡೂ ಹಾಳಾಗುತ್ತಿದ್ದವು, ಕಿಡಿ ಹಾರುತ್ತಿತ್ತು. ತಂತಿಯ ಜಾಗದಲ್ಲಿ ಇಂಗಾಲವನ್ನು ಇಡಬಹುದೆಂದು 1885ರಲ್ಲಿ ಪೇಟೆಂಟ್ ಪಡೆದವನು ಸ್ಕಾಟ್ಲೆಂಡಿನ ಜಾರ್ಜ್ ಫೋರ್ಬ್ಸ್. ತಂತಿ ಹೋಯಿತು, ಹೆಸರು ಉಳಿಯಿತು.

ಅದು ಮಾಡುವ ಕೆಲಸ ಏನು? ಮೋಟಾರಿನ ಒಳಗೆ ತಿರುಗುವ ಭಾಗವೇ ಆರ್ಮೇಚರ್. ತಿರುಗುತ್ತಿರುವುದಕ್ಕೆ ವಯರು ಕಟ್ಟಿ ಕರೆಂಟು ಕೊಡಲು ಆಗುವುದಿಲ್ಲ, ಎರಡು ಸುತ್ತಿಗೆ ಹಗ್ಗ ಹೊಸೆದ ಹಾಗೆ ಸುತ್ತಿಕೊಂಡು ಹರಿದುಹೋಗುತ್ತದೆ. ಅದಕ್ಕೆ ಆರ್ಮೇಚರಿನ ಒಂದು ತುದಿಯಲ್ಲಿ ತಾಮ್ರದ ಸಣ್ಣ ಸಣ್ಣ ಪಟ್ಟಿಗಳನ್ನು ಉರುಟಾಗಿ ಜೋಡಿಸಿರುತ್ತಾರೆ, ಅದೇ ಕಮ್ಯುಟೇಟರ್. ಪಟ್ಟಿಗೂ ಪಟ್ಟಿಗೂ ನಡುವೆ ಹಳೆಯ ಮೋಟಾರುಗಳಲ್ಲಾದರೆ ಮೈಕಾ, ಅಂದರೆ ನಮ್ಮ ಕಾಗೆಬಂಗಾರ. ಎರಡು ಕಡೆಯಿಂದ ಎರಡು ಕಾರ್ಬನ್ ಈ ತಾಮ್ರಕ್ಕೆ ಒರಗಿ ನಿಂತಿರುತ್ತವೆ. ಪಟ್ಟಿಗಳು ಒಂದೊಂದಾಗಿ ಎದುರಿಗೆ ಬರುವಾಗ ಕರೆಂಟು ಒಂದೊಂದು ಸುರುಳಿಗೆ ಹೋಗುತ್ತದೆ, ಅರ್ಧ ಸುತ್ತಿಗೊಮ್ಮೆ ದಿಕ್ಕು ಬದಲಾಗುತ್ತದೆ. ದಿಕ್ಕು ಬದಲಾಗದಿದ್ದರೆ ಆರ್ಮೇಚರ್ ಒಂದು ಕಡೆ ವಾಲಿ ಅಲ್ಲೇ ನಿಲ್ಲುತ್ತಿತ್ತು. ಉಯ್ಯಾಲೆ ತೂಗುವವನು ಸರಿಯಾದ ಗಳಿಗೆಯಲ್ಲಿ ಕೈ ಕೊಡುವ ಹಾಗೆ ಪ್ರತಿ ಸುರುಳಿಗೂ ಅದರ ಗಳಿಗೆಯಲ್ಲಿ ತಳ್ಳು ಸಿಗಬೇಕು. ಆ ಗಳಿಗೆ ಹಂಚುವುದು ಈ ಕರಿ ತುಂಡು.

ಸ್ಲೇಟಿನ ಮೇಲೆ ಬಳಪ ಸವೆದ ಹಾಗೆ ಅದು ಸವೆಯುತ್ತದೆ. ಎಷ್ಟು ದೂರ ಉಜ್ಜಿಕೊಂಡು ಹೋಗುತ್ತದೆಂದು ಒಮ್ಮೆ ಬಿಲ್ಲಿನ ಹಿಂಬದಿಯಲ್ಲಿ ಲೆಕ್ಕ ಹಾಕಿದ್ದೆ. ಮಿಕ್ಸಿಯ ಕಮ್ಯುಟೇಟರ್ 24 ಮಿಲಿಮೀಟರ್ ಅಡ್ಡಗಲ ಎಂದುಕೊಳ್ಳಿ, ಒಂದು ಸುತ್ತಿಗೆ ಏಳೂವರೆ ಸೆಂಟಿಮೀಟರ್. ಅರೆಯುವ ಭಾರದಲ್ಲಿ ನಿಮಿಷಕ್ಕೆ 12,000 ಸುತ್ತು ಹಿಡಿದರೆ ಸೆಕೆಂಡಿಗೆ 15 ಮೀಟರ್, ಗಂಟೆಗೆ 54 ಕಿಲೋಮೀಟರ್. ದಿನಕ್ಕೆ ಹತ್ತು ನಿಮಿಷ ಮಿಕ್ಸಿ ಓಡಿಸುವ ಮನೆಯಲ್ಲಿ ಕಾರ್ಬನ್ 9 ಕಿಲೋಮೀಟರ್ ಉಜ್ಜಿಕೊಂಡು ಹೋಗುತ್ತದೆ, ಅಂದರೆ ಹೆಚ್ಚುಕಡಿಮೆ ನಮ್ಮ ತೊಕ್ಕೊಟ್ಟಿನಿಂದ ನೇತ್ರಾವತಿ ದಾಟಿ ಮಂಗಳೂರಿನ ಹಂಪನಕಟ್ಟೆಗೆ ಹೋದಷ್ಟು. ಒಂದು ವರ್ಷಕ್ಕೆ 3,000 ಕಿಲೋಮೀಟರಿನ ಮೇಲೆ. ಇಷ್ಟಕ್ಕೂ ಅದು ಸವೆಯುವುದು ಕೆಲವೇ ಮಿಲಿಮೀಟರ್. ಕಾರ್ಬನ್ ಬೇಗ ಹೋಯಿತೆಂದು ಬೈಯುವವರಿಗೆ ಈ ಲೆಕ್ಕ ತೋರಿಸುತ್ತೇನೆ.

ಎಲ್ಲ ಮೋಟಾರಿಗೂ ಕಾರ್ಬನ್ ಇಲ್ಲ ಎಂಬುದನ್ನೂ ಹೇಳಿಬಿಡಬೇಕು. ಸೀಲಿಂಗ್ ಫ್ಯಾನ್ ನಿಧಾನವಾಯಿತು, ಕಾರ್ಬನ್ ಹಾಕಿಕೊಡಿ ಎಂದು ವಾರಕ್ಕೊಬ್ಬರಾದರೂ ಬರುತ್ತಾರೆ. ಫ್ಯಾನಿಗೆ ಕಾರ್ಬನ್ ಇಲ್ಲ, ಅದರ ಕಂಡೆನ್ಸರ್ ನೋಡಬೇಕು. ಬಾವಿಯ ಪಂಪಿಗೆ ಇಲ್ಲ, ಫ್ರಿಜ್ಜಿಗೆ ಇಲ್ಲ, ಕಲ್ಲು ತಿರುಗುವ ಟೇಬಲ್ ಗ್ರೈಂಡರಿಗೂ ಇಲ್ಲ. ಕಾರ್ಬನ್ ಇರುವುದು ಕಿರುಚುವ ಮಷಿನುಗಳಲ್ಲಿ: ಮಿಕ್ಸಿ, ಡ್ರಿಲ್ಲಿಂಗ್ ಮಷಿನ್, ಹ್ಯಾಂಡ್ ಗ್ರೈಂಡರ್, ಮಾರ್ಬಲ್ ಕಟ್ಟರ್, ಆಚಾರಿಗಳ ಪ್ಲೇನರ್, ವ್ಯಾಕ್ಯೂಮ್ ಕ್ಲೀನರ್, ಹೊಲಿಗೆ ಮಷಿನಿನ ಸಣ್ಣ ಮೋಟಾರು. ಗಾತ್ರ ಚಿಕ್ಕದು, ಶಕ್ತಿ ದೊಡ್ಡದು, ಸದ್ದು ಇನ್ನೂ ದೊಡ್ಡದು. ರಿಕ್ಷಾದ, ಬೋಟಿನ ಎಂಜಿನಿನ ಸೆಲ್ಫ್ ಮೋಟಾರಿನಲ್ಲೂ ಕಾರ್ಬನ್ ಉಂಟು, ಅದರ ಜಾತಿ ಬೇರೆ. ಅದರ ಕಥೆ ಮುಂದೆ ಬರುತ್ತದೆ.

ಮಿಕ್ಸಿ ನಮ್ಮ ಅಡುಗೆಮನೆಗೆ ಬಂದದ್ದೇ ಸುಟ್ಟ ಮೋಟಾರಿನ ಕಥೆಯಿಂದ. ಸೀಮೆನ್ಸ್ ಕಂಪೆನಿಯ ಎಂಜಿನಿಯರ್ ಸತ್ಯಪ್ರಕಾಶ್ ಮಾಥುರ್ ಅವರ ಮನೆಯಲ್ಲಿ ಜರ್ಮನಿಯ ಬ್ರೌನ್ ಮಿಕ್ಸರ್ ಇತ್ತು. ನಮ್ಮ ಗಟ್ಟಿ ಮಸಾಲೆ ಅರೆದು ಅದು ಕೆಟ್ಟಿತು. ನಮ್ಮ ಅರೆಯುವಿಕೆಗೆ ತಾಳುವ ಮೋಟಾರು ಬೇಕೆಂದು 1960ರ ದಶಕದಲ್ಲಿ ಅವರು ತಂದದ್ದು ಸುಮೀತ್. ಒಂದು ಕಾಲಕ್ಕೆ ಮದುವೆಯ ಉಡುಗೊರೆ ಎಂದರೆ ಸುಮೀತ್ ಮಿಕ್ಸಿ. ನನ್ನ ಅಂಗಡಿಗೆ ಅಮ್ಮನ ಮದುವೆಯ ಸುಮೀತನ್ನು ಮಗಳು ತಂದದ್ದು ಉಂಟು. ಕಾರ್ಬನ್ ಬದಲಿಸಿ ಕೊಟ್ಟೆ, ಓಡಿತು.

ಆದರೆ ಮಳೆಗಾಲದ ಆಟಿ ತಿಂಗಳಿಗೆ, ಅಂದರೆ ಪತ್ರೊಡೆಯ ಕಾಲಕ್ಕೆ, ತಾಳುವ ಮಿಕ್ಸಿ ಇನ್ನೂ ಹುಟ್ಟಿಲ್ಲ. ಪತ್ರೊಡೆಗೆ ಅಕ್ಕಿ, ತೆಂಗಿನಕಾಯಿ, ಮೆಣಸು, ಹುಳಿ ಎಲ್ಲ ಸೇರಿಸಿ ನೀರು ಕಮ್ಮಿ ಹಾಕಿ ಗಟ್ಟಿಯಾಗಿ ಅರೆಯಬೇಕು, ಇಲ್ಲದಿದ್ದರೆ ಹಿಟ್ಟು ಕೆಸುವಿನ ಎಲೆಗೆ ಹಿಡಿಯುವುದಿಲ್ಲ. ಜಾರಿನ ಕಂಠದವರೆಗೆ ತುಂಬಿಸಿ ನಿಲ್ಲಿಸದೆ ಓಡಿಸುತ್ತಾರೆ. ಮಿಕ್ಸಿಯ ಅಡಿಯಲ್ಲಿ ಅಂಟಿಸಿದ ಚೀಟಿಯಲ್ಲಿ ಐದು ನಿಮಿಷ ಓಟ, ಎರಡು ನಿಮಿಷ ವಿಶ್ರಾಂತಿ ಎಂದೇನೋ ಬರೆದಿರುತ್ತದೆ. ಅದನ್ನು ಓದಿದವರು ನಾನು ಮತ್ತು ಅದನ್ನು ಅಚ್ಚು ಹಾಕಿದವರು ಮಾತ್ರ ಇರಬೇಕು. ಪಕ್ಕದ ಪೆರ್ಮನ್ನೂರಿನ ಹೆಂಗಸೊಬ್ಬರು ಮಿಕ್ಸಿ ಸತ್ತಿತೆಂದು ರಿಕ್ಷಾ ಮಾಡಿಕೊಂಡು ತಂದರು. ತಿರುಗಿಸಿ ಅಡಿಯ ಕೆಂಪು ಗುಂಡಿ ಒತ್ತಿದೆ, ಓಡಿತು. ಭಾರ ಹೆಚ್ಚಾದಾಗ ಕರೆಂಟು ತುಂಡು ಮಾಡುವ ಗುಂಡಿ ಅದು. ಕಾರ್ಬನ್ ಹೋಯಿತೆಂದು ತೀರ್ಮಾನ ಮಾಡುವ ಮೊದಲು ಅದನ್ನೊಮ್ಮೆ ಒತ್ತಿ ನೋಡಿ. ರಿಕ್ಷಾದ ಬಾಡಿಗೆ ಉಳಿಯುತ್ತದೆ.

ಇನ್ನು ಕಾರ್ಬನ್ ಸವೆದದ್ದು ಹೊರಗಿನಿಂದ ತಿಳಿಯುವುದು ಹೇಗೆ. ಮೊದಲು ಕಣ್ಣು. ಸಂಜೆ ದೀಪ ಆರಿಸಿ, ಜಾರ್ ಇಡದೆ ಅಥವಾ ಬ್ಲೇಡ್ ತೆಗೆದು ಮಷಿನನ್ನು ಖಾಲಿ ಓಡಿಸಿ ಗಾಳಿಯ ಕಿಂಡಿಯೊಳಗೆ ನೋಡಿ. ಕಾರ್ಬನಿನ ಬುಡದಲ್ಲಿ ಸೂಜಿಮೊನೆಯಷ್ಟು ನೀಲಿ ಕಿಡಿಗಳು ಕಂಡರೆ ಹೆದರಬೇಡಿ, ಹೊಸ ಮಷಿನಿನಲ್ಲೂ ಅವು ಇರುತ್ತವೆ. ಕಿಡಿ ಹಳದಿಗೆ, ಕಿತ್ತಳೆಗೆ ತಿರುಗಿ, ಬುಡ ಬಿಟ್ಟು ಬಾಲ ಎಳೆಯತೊಡಗಿದರೆ ಮಷಿನು ಬಿಚ್ಚುವ ಸಮಯ ಬಂದಿದೆ. ಬೆಂಕಿ ಕಮ್ಯುಟೇಟರಿನ ಸುತ್ತ ಬಳೆಯ ಹಾಗೆ ಪೂರ್ತಿ ಸುತ್ತಿದರೆ ಅದು ಕಾರ್ಬನಿನ ರೋಗವೇ ಅಲ್ಲ, ಆರ್ಮೇಚರಿನ ಸುರುಳಿ ಶಾರ್ಟ್ ಆಗಿರುತ್ತದೆ. ಆಗ ಹೊಸ ಕಾರ್ಬನ್ ಹಾಕಿದರೆ ಅದೂ ಒಂದು ಗಂಟೆಯಲ್ಲಿ ಸುಟ್ಟುಹೋಗುತ್ತದೆ.

ಆಮೇಲೆ ಕಿವಿ. ಸದ್ದು ಒಂದೇ ಏರಿನಲ್ಲಿ ಇರಬೇಕು. ನಡುನಡುವೆ ಬಿಕ್ಕಳಿಸಿದರೆ, ಮಷಿನನ್ನು ಓರೆ ಹಿಡಿದಾಗ ನಿಂತು ನೆಟ್ಟಗೆ ಹಿಡಿದಾಗ ಓಡಿದರೆ, ಕಾರ್ಬನ್ ತಾಮ್ರವನ್ನು ಒಮ್ಮೆ ಮುಟ್ಟುತ್ತಿದೆ ಒಮ್ಮೆ ಬಿಡುತ್ತಿದೆ ಎಂದರ್ಥ. ಹಿಂದೆ ಇದಕ್ಕೆ ಇನ್ನೊಂದು ಸಾಕ್ಷಿ ಇತ್ತು: ರೇಡಿಯೋ. ಅಮ್ಮ ಮಿಕ್ಸಿ ಹಾಕಿದರೆ ಮಂಗಳೂರು ಆಕಾಶವಾಣಿಯ ಮೀಡಿಯಂ ವೇವಿನಲ್ಲಿ ಕರಕರ ಶುರುವಾಗುತ್ತಿತ್ತು. ಅದು ಕಾರ್ಬನಿನ ಕಿಡಿಯ ಸದ್ದು. ಕರಕರ ಜೋರಾದಂತೆ ಕಾರ್ಬನ್ ಗಿಡ್ಡವಾಗಿದೆ ಎಂದು ನಾನು ಮೊದಲು ಕೆಲಸಕ್ಕಿದ್ದ ಅಂಗಡಿಯ ಯಜಮಾನರು ಮನೆಯ ಹೊರಗೆ ನಿಂತೇ ಹೇಳುತ್ತಿದ್ದರು. ಎಫ್ ಎಂ ಬಂದ ಮೇಲೆ ಆ ಅನುಕೂಲ ಹೋಯಿತು.

ಮೂರನೆಯದು ಈ ಹೊಡೆದರೆ ಓಡುವ ರೋಗ. ಕಾರ್ಬನ್ ಉದ್ದ ಇರುವವರೆಗೆ ಹಿಂದಿನ ಸ್ಪ್ರಿಂಗ್ ಅದನ್ನು ತಾಮ್ರಕ್ಕೆ ಒತ್ತಿ ಹಿಡಿಯುತ್ತದೆ. ಸವೆದು ಗಿಡ್ಡವಾದ ಮೇಲೆ ಸ್ಪ್ರಿಂಗಿನ ಕೈ ಅಲ್ಲಿಯವರೆಗೆ ಹೋಗುವುದಿಲ್ಲ. ಇಲ್ಲವೇ ಧೂಳು ತುಂಬಿ ಕಾರ್ಬನ್ ತನ್ನ ಗೂಡಿನಲ್ಲೇ ಸಿಕ್ಕಿಕೊಂಡಿರುತ್ತದೆ. ಪೆಟ್ಟು ಬಿದ್ದಾಗ ಅದು ಕೂದಲೆಳೆಯಷ್ಟು ಮುಂದೆ ಬೀಳುತ್ತದೆ, ಮಷಿನು ಓಡುತ್ತದೆ. ಆದರೆ ಒತ್ತಿ ಹಿಡಿಯುವವರು ಇಲ್ಲ. ನಡುವೆ ಉಳಿದ ಸಂದಿಯಲ್ಲಿ ಕರೆಂಟು ಹಾರಿಕೊಂಡೇ ಹೋಗಬೇಕು, ಹಾರುವಾಗಲೆಲ್ಲ ತಾಮ್ರದ ಒಂದು ಕಣ ಸುಡುತ್ತದೆ. ವೆಲ್ಡಿಂಗ್ ಮಾಡುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆ ಹುಡುಗ ಎರಡು ವಾರ ಮಾಡಿದ್ದು ಮಷಿನಿನ ಒಳಗೆ ವೆಲ್ಡಿಂಗ್. ಕೊನೆಗೆ ತಾಮ್ರದ ಬಾಲವೋ ಸ್ಪ್ರಿಂಗೋ ಕಮ್ಯುಟೇಟರನ್ನು ನೇರವಾಗಿ ಕೆರೆಯಲು ತೊಡಗುತ್ತದೆ. ಅಲ್ಲಿಗೆ ಮುಗಿಯಿತು.

ಕೆಲವು ಒಳ್ಳೆಯ ಕಂಪೆನಿಯ ಮಷಿನುಗಳಲ್ಲಿ ಈ ಅನಾಹುತ ಆಗದ ಹಾಗೆ ಕಾರ್ಬನಿನ ಹೊಟ್ಟೆಯಲ್ಲೇ ಒಂದು ಸಣ್ಣ ಪಿನ್ನು ಇಟ್ಟಿರುತ್ತಾರೆ. ಸವೆದು ಕೊನೆಗೆ ಬಂದಾಗ ಪಿನ್ನು ಹೊರಗೆ ನೆಗೆದು ಕಾರ್ಬನನ್ನು ತಾಮ್ರದಿಂದ ಎತ್ತಿಬಿಡುತ್ತದೆ. ಕಿಡಿ ಇಲ್ಲ, ವಾಸನೆ ಇಲ್ಲ, ನಿನ್ನೆವರೆಗೆ ಸರಿ ಇದ್ದ ಮಷಿನು ಇವತ್ತು ಸ್ತಬ್ಧ. ಹೊಡೆದರೂ ಏಳುವುದಿಲ್ಲ. ಮೋಟಾರು ಸುಟ್ಟಿತೆಂದು ಜನ ತಲೆಗೆ ಕೈ ಕೊಡುತ್ತಾರೆ. ಇಂಥ ಒಂದು ಮಷಿನಿಗೆ ಬೇರೊಂದು ಕಡೆ ಹೊಸ ಆರ್ಮೇಚರಿನ ದುಡ್ಡು ತೆಗೆದುಕೊಂಡು ಬರೀ ಕಾರ್ಬನ್ ಹಾಕಿ ಕೊಟ್ಟದ್ದು ನನಗೆ ಗೊತ್ತು. ಬಿಚ್ಚಿದಾಗ ಒಳಗಿದ್ದದ್ದು ಹಳೆಯ ಆರ್ಮೇಚರೇ. ಆದ್ದರಿಂದ ಬದಲಿಸಿದ ಸಾಮಾನನ್ನು ಕೇಳಿ ತೆಗೆದುಕೊಳ್ಳಿ. ಕೇಳುವುದರಲ್ಲಿ ನಾಚಿಕೆ ಇಲ್ಲ.

ಬಿಚ್ಚಿ ನೋಡುವುದು ಕಷ್ಟವಲ್ಲ. ಪ್ಲಗ್ ಕಿತ್ತು ಕಣ್ಣೆದುರು ಇಟ್ಟುಕೊಳ್ಳಿ. ಸ್ವಿಚ್ ಆಫ್ ಮಾಡಿದ್ದೇನೆ ಎಂಬ ಮಾತನ್ನು ನಾನು ಒಪ್ಪುವುದಿಲ್ಲ. ಡ್ರಿಲ್ಲು, ಗ್ರೈಂಡರು, ಕಟ್ಟರುಗಳ ಎರಡು ಪಕ್ಕದಲ್ಲಿ ಹಳೆಯ ಹತ್ತು ಪೈಸೆ ನಾಣ್ಯದ ಹಾಗಿನ ಪ್ಲಾಸ್ಟಿಕ್ ಕ್ಯಾಪ್ ಇರುತ್ತದೆ, ನಡುವೆ ಸೀಳು. ಕೆಲವು ಮಷಿನಿನಲ್ಲಿ ಹಿಂದಿನ ಕವರನ್ನೇ ತೆಗೆಯಬೇಕು. ಕ್ಯಾಪ್ ತಿರುಗಿಸುವಾಗ ಬೆರಳು ಅಡ್ಡ ಹಿಡಿಯಿರಿ, ಸ್ಪ್ರಿಂಗು ಹಾರಿ ಹೋಗುತ್ತದೆ. ಹಾರಿದ್ದು ನನ್ನ ಅಂಗಡಿಯಲ್ಲೇ ಎಷ್ಟೋ ಸಲ ಸಿಗಲಿಲ್ಲ. ಕಾರ್ಬನನ್ನು ಹೊರಗೆ ತೆಗೆಯುವಾಗ ಯಾವ ಬದಿ ಮೇಲಿತ್ತೆಂದು ಪೆನ್ನಿನಲ್ಲಿ ಗುರುತು ಹಾಕಿ. ಅದರ ಮುಖ ಕಮ್ಯುಟೇಟರಿನ ಬಾಗಿಗೆ ಸರಿಯಾಗಿ ಸವೆದಿರುತ್ತದೆ, ತಿರುಗಿಸಿ ಹಾಕಿದರೆ ಅಂಚು ಮಾತ್ರ ತಾಗುತ್ತದೆ. ಮಿಕ್ಸಿಯ ಕಾರ್ಬನ್ ನೋಡಲು ಅಡಿಯ ಮುಚ್ಚಳ ತೆಗೆಯಬೇಕು, ಅದನ್ನು ಗೊತ್ತಿದ್ದವರಿಗೇ ಬಿಡಿ.

ಮೊದಲು ಉದ್ದ. ಕೈಮಷಿನುಗಳ ಹೊಸ ಕಾರ್ಬನ್ ಸಾಮಾನ್ಯವಾಗಿ 12ರಿಂದ 16 ಮಿಲಿಮೀಟರ್ ಇರುತ್ತದೆ. ಕೆಲವದರ ಮೈಮೇಲೆ ಒಂದು ಗೆರೆ ಕೊರೆದಿರುತ್ತಾರೆ, ಸವೆತ ಅಲ್ಲಿಗೆ ಬಂದರೆ ಬದಲಿಸಬೇಕು. ಗೆರೆ ಇಲ್ಲದಿದ್ದರೆ ನನ್ನ ಲೆಕ್ಕ 5ರಿಂದ 6 ಮಿಲಿಮೀಟರ್. ಅಂದರೆ ಹೆಚ್ಚುಕಡಿಮೆ ಮೂರನೇ ಒಂದು ಪಾಲು ಉಳಿದಾಗ. ಇನ್ನೂ ಸ್ವಲ್ಪ ಉಂಟಲ್ಲ ಎಂದು ಅದನ್ನೇ ವಾಪಸ್ ಹಾಕಿಸಿಕೊಂಡು ಹೋಗುವವರು ಉಂಟು. ಆ ಸ್ವಲ್ಪದಲ್ಲಿ ಉಳಿಯುವುದು ಹತ್ತು ರೂಪಾಯಿಯೂ ಅಲ್ಲ.

ಉದ್ದ ನೋಡಿ ಮುಗಿಸಬೇಡಿ, ಮುಖ ನೋಡಿ. ವೈದ್ಯರು ನಾಲಿಗೆ ನೋಡಿದ ಹಾಗೆ ನಾನು ಮೊದಲು ನೋಡುವುದೇ ಅದನ್ನು. ನುಣ್ಣಗೆ, ಮಂದ ಹೊಳಪಿನಿಂದ, ಹಾಸುಗಲ್ಲಿನ ಹಾಗಿದ್ದರೆ ಮಷಿನು ಆರೋಗ್ಯವಾಗಿದೆ. ಸಿಡುಬಿನ ಕಲೆಯ ಹಾಗೆ ಗುಳಿ ಬಿದ್ದಿದ್ದರೆ ಕಿಡಿ ತಿಂದಿದೆ. ಅಂಚು ಚಕ್ಕೆ ಎದ್ದಿದ್ದರೆ ಕಮ್ಯುಟೇಟರ್ ಉರುಟಾಗಿಲ್ಲ, ಅಥವಾ ತಾಮ್ರ ಸವೆದು ನಡುವಿನ ಮೈಕಾ ಮೇಲೆದ್ದು ಕಾರ್ಬನನ್ನು ಎಡವಿಸುತ್ತಿದೆ. ಮುಖದ ಮೇಲೆ ಉದ್ದಕ್ಕೆ ಗೀರುಗಳಿದ್ದರೆ ಹೊಯ್ಗೆಯೋ ಕಲ್ಲಿನ ಪುಡಿಯೋ ಒಳಗೆ ಹೋಗಿದೆ. ತಾಮ್ರದ ಬಾಲ ನೀಲಿಗಟ್ಟಿ, ಸ್ಪ್ರಿಂಗು ಬಣ್ಣ ತಿರುಗಿದ್ದರೆ ವಿಪರೀತ ಕಾದಿದೆ, ಆ ಸ್ಪ್ರಿಂಗಿನಲ್ಲಿ ಇನ್ನು ಜೀವ ಇಲ್ಲ. ಒಂದು ಕಾರ್ಬನ್ ತುಂಬಾ ಸವೆದು ಇನ್ನೊಂದು ಹೊಸದರ ಹಾಗೆಯೇ ಇದ್ದರೆ, ಹೊಸದರ ಹಾಗಿರುವುದೇ ಕಳ್ಳ. ಗೂಡಿನಲ್ಲಿ ಸಿಕ್ಕಿಕೊಂಡು ಕೆಲಸ ಮಾಡದೆ ಕೂತಿರುತ್ತದೆ.

ಕ್ಯಾಪಿನ ತೂತಿನಿಂದ ಟಾರ್ಚು ಬಿಟ್ಟು ತಾಮ್ರವನ್ನೂ ನೋಡಿ, ಕೈಯಿಂದ ನಿಧಾನ ತಿರುಗಿಸುತ್ತಾ. ತಾಮ್ರ ತಾಮ್ರದ ಬಣ್ಣದಲ್ಲಿ ಪಳಪಳ ಹೊಳೆಯಬೇಕೆಂದು ಜನ ತಿಳಿದಿದ್ದಾರೆ. ಹಾಗಲ್ಲ. ಕಾಫಿಪುಡಿಯ ಕಂದು ಬಣ್ಣದ ಒಂದು ತೆಳು ಪೊರೆ ಅದರ ಮೇಲೆ ಇರಬೇಕು. ತಾಮ್ರದ ಕಿಲುಬು, ಇಂಗಾಲ, ಗಾಳಿಯ ತೇವ ಮೂರೂ ಸೇರಿ ಕಟ್ಟಿಕೊಂಡ ಪೊರೆ ಅದು, ಕಾರ್ಬನ್ ಜಾರುವುದು ಅದರ ಮೇಲೆ. ಎಮ್ರಿ ಪೇಪರ್ ಹಾಕಿ ಅದನ್ನು ಬೆಳಗಿಸುವವರು ಉಪಕಾರ ಮಾಡುತ್ತಿಲ್ಲ. ಎಮ್ರಿಯ ಕಣ ಪಟ್ಟಿಗಳ ಸಂದಿಯಲ್ಲಿ ಕೂತು ಬೇರೆ ತೊಂದರೆ ತರುತ್ತದೆ. ಕರಿ ಕಟ್ಟಿದ್ದರೆ ನುಣುಪು ಸ್ಯಾಂಡ್ ಪೇಪರಿನಿಂದ ಮೆಲ್ಲಗೆ ಒರೆಸಿದರೆ ಸಾಕು.

ಈ ತೇವದ ವಿಷಯ ನನಗೆ ಬಹಳ ಇಷ್ಟ. ಎರಡನೇ ಮಹಾಯುದ್ಧದ ಕಾಲದಲ್ಲಿ ವಿಮಾನಗಳು ಹಿಂದೆಂದೂ ಹೋಗದಷ್ಟು ಎತ್ತರಕ್ಕೆ ಏರತೊಡಗಿದವು. ನೆಲದ ಮೇಲೆ ತಿಂಗಳುಗಟ್ಟಲೆ ಬರುತ್ತಿದ್ದ ಜನರೇಟರಿನ ಕಾರ್ಬನ್ ಅಲ್ಲಿ ಕೆಲವೇ ಗಂಟೆಗಳಲ್ಲಿ ಪುಡಿಯಾಗಿ ಹೋಗುತ್ತಿತ್ತು. ಹುಡುಕಿದಾಗ ಗೊತ್ತಾದದ್ದು, ಗ್ರಾಫೈಟ್ ಜಾರುವುದು ತನ್ನೊಬ್ಬನ ಗುಣದಿಂದ ಅಲ್ಲ, ಗಾಳಿಯಲ್ಲಿರುವ ನೀರಾವಿಯ ಸಹಾಯದಿಂದ. ಮೇಲೆ ಗಾಳಿ ಒಣ. ಆಮೇಲೆ ಕಾರ್ಬನಿನಲ್ಲೇ ಬೇರೆ ರಾಸಾಯನಿಕ ಸೇರಿಸಿ ಸರಿಮಾಡಿದರು. ಬೇಸಿಗೆಯಲ್ಲಿ ಅಂಗಿ ಬೆನ್ನಿಗಂಟಿ ನಾವು ಬೈಯುವ ಈ ಕರಾವಳಿಯ ಸೆಕೆ ಕಾರ್ಬನಿನ ಪಾಲಿಗೆ ಎಣ್ಣೆ.

ಉಪ್ಪು ಮಾತ್ರ ಆಗದು. ಸೋಮೇಶ್ವರ, ಉಳ್ಳಾಲದ ಕಡಲಬದಿಯ ಮನೆಗಳಿಂದ ಬರುವ ಮಷಿನುಗಳಲ್ಲಿ ಕಾರ್ಬನಿಗಿಂತ ಮೊದಲು ಸ್ಪ್ರಿಂಗು ತುಕ್ಕು ಹಿಡಿದಿರುತ್ತದೆ, ಹಿತ್ತಾಳೆಯ ಗೂಡು ಹಸಿರುಗಟ್ಟಿರುತ್ತದೆ. ಕೆಂಪು ಕಲ್ಲಿನ ಪುಡಿಯೂ ಆಗದು. ನಮ್ಮಲ್ಲಿ ಮನೆ ಎಂದರೆ ಕೆಂಪು ಕಲ್ಲು, ವಯರಿಂಗಿನವರು ಗೋಡೆ ಸೀಳುವಾಗ ಎದ್ದ ಕೆಂಪು ಪುಡಿ ತೇವ ಹೀರಿ ಗೂಡಿನೊಳಗೆ ಗಾರೆಯ ಹಾಗೆ ಗಟ್ಟಿಯಾಗುತ್ತದೆ. ಇನ್ನೊಂದು, ಸವೆದ ಕಾರ್ಬನ್ ಎಲ್ಲಿಗೂ ಹೋಗುವುದಿಲ್ಲ, ಕರಿ ಹುಡಿಯಾಗಿ ಮಷಿನಿನೊಳಗೇ ಕೂತಿರುತ್ತದೆ. ಆ ಹುಡಿಯಲ್ಲಿ ಕರೆಂಟು ಹರಿಯುತ್ತದೆ. ಒಣಗಿದ್ದಾಗ ಸುಮ್ಮನಿದ್ದದ್ದು ಜೂನ್ ತಿಂಗಳ ಮೊದಲ ಮಳೆಗೆ ಒದ್ದೆಯಾಗಿ ಕಬ್ಬಿಣಕ್ಕೆ ದಾರಿ ಮಾಡಿಕೊಡುತ್ತದೆ. ಮಿಕ್ಸಿ ಹಾಕಿದರೆ ಮನೆಯ ಟ್ರಿಪ್ಪರ್ ಬೀಳುತ್ತದೆ ಎನ್ನುವವರ, ಹಳೆಯ ಲೋಹದ ಡ್ರಿಲ್ಲು ಜುಂ ಎನ್ನುತ್ತದೆ ಎನ್ನುವವರ ಪೈಕಿ ಹಲವರಿಗೆ ನಾನು ಮಾಡಿಕೊಡುವುದು ಬ್ಲೋವರ್ ಹಿಡಿದು ಹುಡಿ ಹಾರಿಸುವುದಷ್ಟೇ. ಅಂಗಳದಲ್ಲಿ, ಮೂಗಿಗೆ ಬಟ್ಟೆ ಕಟ್ಟಿಕೊಂಡು. ಬಾಯಿಂದ ಊದಬೇಡಿ. ನಾನು ಊದುತ್ತಿದ್ದೆ, ಈಗ ಕೆಮ್ಮುತ್ತೇನೆ.

ಸೆಲ್ಫ್ ಮೋಟಾರಿನ ಕಥೆ ಹೇಳುತ್ತೇನೆಂದಿದ್ದೆ. ಕದ್ರಿ ಐಟಿಐ ಮುಗಿಸಿ ಯಜಮಾನರ ಬಳಿ ಕೆಲಸಕ್ಕೆ ಸೇರಿದ ಮೊದಲ ವರ್ಷ. ಮದುವೆ ಅಡುಗೆಯವರೊಬ್ಬರ ದೊಡ್ಡ ಮಿಕ್ಸಿ ಬಂತು, ಮರುದಿನವೇ ಬೇಕು. ಅಳತೆಯ ಕಾರ್ಬನ್ ಇಲ್ಲ, ಯಜಮಾನರು ಪೇಟೆಗೆ ಹೋಗಿದ್ದಾರೆ. ರಿಕ್ಷಾದ ಸೆಲ್ಫ್ ಮೋಟಾರಿನ ಕಾರ್ಬನ್ ಡಬ್ಬಿಯಲ್ಲಿ ಕಂಡಿತು. ಸಿಮೆಂಟು ನೆಲಕ್ಕೆ ಉಜ್ಜಿ ಉಜ್ಜಿ ಅಳತೆಗೆ ತಂದು ಹಾಕಿದೆ. ನನ್ನ ಬುದ್ಧಿಗೆ ನಾನೇ ಮೆಚ್ಚಿಕೊಂಡೆ. ಹದಿನೈದು ನಿಮಿಷಕ್ಕೆ ಕಮ್ಯುಟೇಟರ್ ಒಲೆಯ ಕೊಳ್ಳಿಯ ಹಾಗೆ ಕರಿಯಾಯಿತು.

ಸೆಲ್ಫ್ ಮೋಟಾರು ಓಡುವುದು 12 ವೋಲ್ಟಿನಲ್ಲಿ, ಎಳೆಯುವುದು ನೂರಾರು ಆಂಪಿಯರ್. ಅದಕ್ಕೆ ಕಾರ್ಬನಿನಲ್ಲಿ ತಾಮ್ರದ ಪುಡಿ ಸೇರಿಸಿರುತ್ತಾರೆ, ನೋಡಲಿಕ್ಕೂ ಕೆಂಪು ಛಾಯೆ. ಮಿಕ್ಸಿ 230 ವೋಲ್ಟು, ಮೂರ್ನಾಲ್ಕು ಆಂಪಿಯರ್. ಕಾರ್ಬನ್ ಒಂದು ಪಟ್ಟಿಯಿಂದ ಇನ್ನೊಂದಕ್ಕೆ ದಾಟುವಾಗ ಒಂದು ಕ್ಷಣ ಎರಡನ್ನೂ ಮುಟ್ಟುತ್ತದೆ, ಸುರುಳಿ ಆ ಕ್ಷಣ ಶಾರ್ಟ್ ಆಗುತ್ತದೆ. ಬರೀ ಇಂಗಾಲವಾದರೆ ಅದರ ತಡೆಯೇ ಆ ಕರೆಂಟನ್ನು ಹಿಡಿದಿಡುತ್ತದೆ. ತಾಮ್ರ ಬೆರೆತದ್ದು ಬಿಟ್ಟುಕೊಡುತ್ತದೆ. “ಅಳತೆಗೆ ಕೂತದ್ದೆಲ್ಲ ಕಾರ್ಬನ್ ಅಲ್ಲ ಮಾರಾಯ” ಎಂದರು ಯಜಮಾನರು. ಬೈದದ್ದು ಅಷ್ಟೇ. ಆದರೆ ಆ ಆರ್ಮೇಚರನ್ನು ರಾತ್ರಿ ಕೂತು ನನ್ನ ಕೈಯಲ್ಲೇ ಕಟ್ಟಿಸಿದರು. ಟಾರ್ಚಿನ ಹಳೆಯ ಸೆಲ್ಲು ಒಡೆದು ಅದರ ಕಡ್ಡಿಯನ್ನು ಉಜ್ಜಿ ಹಾಕುವ ವಿದ್ಯೆ ಆ ಕಾಲದಲ್ಲಿ ಎಲ್ಲ ಕಡೆ ಇತ್ತು, ಅವರ ಅಂಗಡಿಯಲ್ಲಿ ಮಾತ್ರ ಇರಲಿಲ್ಲ.

ಈಗಿನ ಕಳಪೆ ಮಾಲಿನದ್ದು ಇನ್ನೊಂದು ಆಟ. ಗಡಸು ಕಾರ್ಬನ್ ಹಾಕಿದರೆ ಅದು ಸವೆಯುವುದೇ ಇಲ್ಲ, ಗಿರಾಕಿಗೆ ಖುಷಿ. ಕಾರ್ಬನ್ ಸವೆಯದಿದ್ದರೆ ಸವೆಯುವುದು ತಾಮ್ರ. ಕಾರ್ಬನಿನ ಬೆಲೆ ಎಷ್ಟು, ಆರ್ಮೇಚರಿನ ಬೆಲೆ ಎಷ್ಟು ಎಂದು ಒಮ್ಮೆ ವಿಚಾರಿಸಿ ನೋಡಿ.

ಹಾಕುವಾಗ ಎರಡನ್ನೂ ಒಟ್ಟಿಗೆ ಹಾಕಬೇಕು. ಹಳೆಯದರಲ್ಲಿ ಒಂದು ಚೆನ್ನಾಗಿದ್ದರೂ ಸರಿ, ಅದನ್ನು ತೆಗೆಯಬೇಕು. ಗೂಡಿನಲ್ಲಿ ಹೊಸ ಕಾರ್ಬನ್ ತನ್ನ ಭಾರಕ್ಕೇ ಜಾರುವಂತಿರಬೇಕು, ಅಲ್ಲಾಡಬಾರದು. ಹಾಕಿದ ಮೇಲೆ ಐದು ಹತ್ತು ನಿಮಿಷ ಭಾರ ಇಲ್ಲದೆ ಓಡಿಸಿ, ಚಪ್ಪಟೆ ಮುಖ ತಾಮ್ರದ ಬಾಗಿಗೆ ಹೊಂದಿಕೊಳ್ಳಲಿ. ಮೊದಲಿಗೆ ಸ್ವಲ್ಪ ಕಿಡಿ ಕಾಣುತ್ತದೆ, ಆಮೇಲೆ ತಗ್ಗುತ್ತದೆ. ಮಿಕ್ಸಿಗಾದರೆ ಒಂದೊಂದು ನಿಮಿಷ ಬಿಟ್ಟು ಬಿಟ್ಟು ಓಡಿಸಿ.

ಬ್ರಷ್‌ಲೆಸ್ ಮಷಿನು, ಅಂದರೆ ಕಾರ್ಬನೇ ಇಲ್ಲದ್ದು, ಬಂದ ಮೇಲೆ ನಿಮ್ಮ ಅಂಗಡಿ ಎಂತ ಮಾಡ್ತದೆ ಎಂದು ಮಗ ಕೇಳುತ್ತಾನೆ. ನಮ್ಮ ಉಳ್ಳಾಲ ಸ್ಟೇಷನ್ ದಾಟಿ ಹೋಗುವ ರೈಲಿನಲ್ಲೇ ಆ ಬದಲಾವಣೆ ಆಗಿ ಹೋಗಿದೆ. ಹಳೆಯ ಡೀಸೆಲ್ ಎಂಜಿನುಗಳ ಗಾಲಿ ತಿರುಗಿಸುವ ಮೋಟಾರಿಗೆ ಅಂಗೈ ತುಂಬುವಂಥ ಕಾರ್ಬನ್ ಇತ್ತು. ಈಗಿನ ತ್ರೀ ಫೇಸ್ ಎಂಜಿನಿಗೆ ಅದು ಬೇಡ. ಬ್ರಷ್‌ಲೆಸ್ ಕೈಮಷಿನಿನಲ್ಲಿ ಗಳಿಗೆ ಹಂಚುವ ಕೆಲಸವನ್ನು ಎಲೆಕ್ಟ್ರಾನಿಕ್ ಬೋರ್ಡು ಮಾಡುತ್ತದೆ. ಸವೆಯುವುದು ಬೇರಿಂಗ್ ಮಾತ್ರ. ದಿನವಿಡೀ ಕೆಲಸ ಮಾಡುವ ಮೇಸ್ತ್ರಿಗೆ ಅದನ್ನೇ ತೆಗೆದುಕೊಳ್ಳಿ ಎನ್ನುತ್ತೇನೆ. ಆದರೆ ಬೋರ್ಡು ಹೋದರೆ ಹತ್ತು ನಿಮಿಷದಲ್ಲಿ ಬದಲಿಸಿ ಕೊಡಲು ನನ್ನಿಂದಾಗದು, ಬೋರ್ಡಿನ ಬೆಲೆಗೆ ಹಲವಾರು ಜೋಡಿ ಕಾರ್ಬನ್ ಬರುತ್ತದೆ. ಮನೆಯ ಮಿಕ್ಸಿಗೆ, ವರ್ಷಕ್ಕೆ ನಾಲ್ಕು ಸಲ ಹೊರಗೆ ಬರುವ ಡ್ರಿಲ್ಲಿಗೆ ಕಾರ್ಬನೇ ಸಾಕು.

ಆ ಟೈಲ್ಸಿನ ಹುಡುಗನಿಗೆ ಆರ್ಮೇಚರ್, ಬೇರಿಂಗ್, ಕಾರ್ಬನ್ ಎಲ್ಲ ಸೇರಿ ಎರಡು ದಿನದ ಸಂಬಳ ಹೋಯಿತು. ಈಗ ಅವನು ತಿಂಗಳಿಗೊಮ್ಮೆ ಕ್ಯಾಪ್ ಬಿಚ್ಚಿ ನೋಡುತ್ತಾನೆ. ಕಳೆದ ಸಲ ಬೆಂಕಿಪೆಟ್ಟಿಗೆಯಲ್ಲಿ ಎರಡು ಕಾರ್ಬನ್ ಹಾಕಿಕೊಂಡು ಬಂದಿದ್ದ, ಮಷಿನು ತಂದಿರಲಿಲ್ಲ. ಅಳತೆ ನೋಡಿ ಜೋಡಿ ಕೊಟ್ಟೆ, ಅವನೇ ಹಾಕಿಕೊಂಡ.

ನೀವೂ ಹಾಗೆಯೇ ಮಾಡಿ. ಫೋನಿನಲ್ಲಿ ಕಂಪೆನಿಯ ಹೆಸರು ಹೇಳಿದರೆ ನನಗೆ ಉಪಯೋಗವಿಲ್ಲ, ಒಂದೇ ಕಂಪೆನಿಯ ನಾಲ್ಕು ಮಷಿನಿಗೆ ನಾಲ್ಕು ಅಳತೆ ಇರುತ್ತದೆ. ಕಾರ್ಬನಿನ ಫೋಟೋ ಕಳಿಸಿದರೂ ದಪ್ಪ ತಿಳಿಯುವುದಿಲ್ಲ. ಹಳೆಯದನ್ನು ಎಸೆಯದೆ ಅದರ ಸ್ಪ್ರಿಂಗು, ಕ್ಯಾಪಿನ ಸಮೇತ ಕಿಸೆಯಲ್ಲಿ ಹಾಕಿಕೊಂಡು ಹತ್ತಿರದ ಅಂಗಡಿಗೆ ಹೋಗಿ. ಎರಡನ್ನೂ ಒಯ್ಯಿರಿ. ಒಂದೇ ತಂದವರನ್ನು ನಾನು ಇನ್ನೊಂದು ತರಲು ವಾಪಸ್ ಕಳಿಸುತ್ತೇನೆ.